ತುಮಕೂರಲ್ಲಿ ಫ್ರೀ ಕಾನೂನು ಸಲಹೆ, ಧೈರ್ಯವಾಗಿ ಹೋಗ್ಬಹುದು

ಒಂದು ಸರ್ಕಾರಿ ಆಫೀಸಿನ ಸೆಲೆಕ್ಷನ್ ಲಿಸ್ಟಲ್ಲಿ ನನ್ ಹೆಸ್ರಿತ್ತು, ಆಮೇಲೆ ನೋಡಿದ್ರೆ ಅದೇ ಕೆಲ್ಸಕ್ಕೆ ಏಜೆನ್ಸಿಯಿಂದ ಹೊರಗುತ್ತಿಗೆ ಹುಡುಗ್ರು ಬಂದು ಕೂತಿದಾರೆ, ತಲೆ ಕೆಟ್ಟು ಸೀದಾ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋದೆ. ಹೆಣ್ಮಕ್ಕಳಿಗೆ ಆದಾಯ ಎಷ್ಟಿದ್ರೂ ಫ್ರೀ ಅಂತೆ, ಗೊತ್ತೇ ಇರ್ಲಿಲ್ಲ! ಲಾಯರ್ ಮೇಡಂ ಸುಳ್ಳು ಆಸೆ ಹುಟ್ಟಿಸ್ಲಿಲ್ಲ, ಅದೇ ಇಷ್ಟ ಆಗಿದ್ದು. ಲಿಸ್ಟಲ್ಲಿ ಹೆಸ್ರಿದ್ರೆ ಕೆಲ್ಸ ಕೊಡ್ಲೇಬೇಕು ಅಂತೇನಿಲ್ಲ ಕಣಮ್ಮ, 1991ರಲ್ಲಿ ಶಂಕರ್ಸನ್ ದಾಶ್ ಕೇಸಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ, ಆದ್ರೆ ಕಾರಣ ಇಲ್ದೆ ಮನಸ್ಸಿಗೆ ಬಂದಂಗೆ ಲಿಸ್ಟ್ ಬಿಸಾಕೋ ಹಂಗೂ ಇಲ್ಲ, ಎಲ್ರನ್ನೂ ಸಮಾನವಾಗಿ ನೋಡ್ಬೇಕು, ಸರ್ಕಾರಿ ಕೆಲ್ಸದಲ್ಲಿ ಸಮಾನ ಅವಕಾಶ ಕೊಡ್ಬೇಕು ಅನ್ನೋ ಸಂವಿಧಾನದ 14, 16ನೇ ವಿಧಿ ಇದೆ ಅಂದ್ರು. ಮೊದ್ಲು 10 ರೂಪಾಯಿ ಕಟ್ಟಿ ಮಾಹಿತಿ ಹಕ್ಕಲ್ಲಿ ಖಾಲಿ ಹುದ್ದೆ ಎಷ್ಟು, ಯಾಕೆ ತುಂಬ್ಲಿಲ್ಲ ಕೇಳು ಅಂತ ಅರ್ಜಿನೂ ಬರೆಸಿದ್ರು. ಹೋಗೋರು ನೋಟಿಫಿಕೇಶನ್ನು, ಲಿಸ್ಟು ಎರಡೂ ಜೆರಾಕ್ಸ್ ಮಾಡಿಸ್ಕೊಂಡು ಹೋಗಿ.