ಡೌನ್‌ಲೋಡ್ ಕೈಕೊಟ್ಟಾಗ ಸ್ಟೀಮ್ ಎಷ್ಟರ ಮಟ್ಟಿಗೆ ನೆರವಾಗುತ್ತದೆ?

ವಾಲ್ವ್ ಕಂಪನಿಯ ಸ್ಟೀಮ್ ತಂತ್ರಾಂಶವನ್ನು ಗೇಮ್ ಮಾರುವ ಅಂಗಡಿಯೆಂದು ಪರಿಗಣಿಸಿ ಬರೆದ ವಿಮರ್ಶೆಗಳಿಗೆ ಕೊರತೆಯಿಲ್ಲ. ಬೆಲೆ, ರಿಯಾಯಿತಿ ಮಾರಾಟ, ರೂಪಾಯಿಯಲ್ಲಿ ಪಾವತಿ ಇವೆಲ್ಲದರ ಬಗ್ಗೆ ಸಾಕಷ್ಟು ಚರ್ಚೆಯಾಗಿದೆ. ಈ ಬರಹದ ವಿಷಯ ಹಣ ಪಾವತಿಯಾದ ಬಳಿಕದ್ದು. ಕೊಂಡ ಗೇಮ್ ಕಂಪ್ಯೂಟರಿಗೆ ಇಳಿಯದೆ ಅರ್ಧದಲ್ಲಿ ನಿಂತಾಗ, ಅಥವಾ ಪೂರ್ತಿ ಇಳಿದೂ ಇನ್‌ಸ್ಟಾಲ್ ಆಗದೆ ಅದೇ ದೋಷಸಂದೇಶವನ್ನು ಮತ್ತೆ ಮತ್ತೆ ತೋರಿಸಿದಾಗ, ತೊಂದರೆಯ ಮೂಲವನ್ನು ಹುಡುಕಲು ಸ್ಟೀಮ್ ಬಳಕೆದಾರನ ಕೈಗೆ ಏನನ್ನು ಕೊಡುತ್ತದೆ ಎಂಬುದನ್ನಷ್ಟೇ ಇಲ್ಲಿ ಪರಿಶೀಲಿಸಿದ್ದೇನೆ. ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುತ್ತೇನೆ: ಕೆಟ್ಟದ್ದನ್ನು ಸರಿಪಡಿಸುವ ಸಾಮರ್ಥ್ಯದಲ್ಲಿ ಸ್ಟೀಮ್ ತನ್ನ ಪ್ರತಿಸ್ಪರ್ಧಿಗಳಿಗಿಂತ ಮುಂದಿದೆ, ಆದರೆ ಕೆಟ್ಟದ್ದು ಏನು ಎಂಬುದನ್ನು ತಿಳಿಸುವ ವಿಷಯದಲ್ಲಿ ಅದು ಇಪ್ಪತ್ತು ವರ್ಷ ದಾಟಿದ ಮೇಲೂ ಜಿಪುಣ.

ಈ ಪ್ರಶ್ನೆ ಇಂದು ಏಕೆ ಮುಖ್ಯವೆಂದರೆ ಗೇಮ್‌ಗಳ ಗಾತ್ರ ಹಾಗೆ ಬೆಳೆದಿದೆ. ‘ಬಾಲ್ಡರ್ಸ್ ಗೇಟ್ 3’ ಮತ್ತು ‘ರೆಡ್ ಡೆಡ್ ರಿಡೆಂಪ್ಷನ್ 2’ ಎರಡೂ ಡಿಸ್ಕಿನಲ್ಲಿ 150 ಜಿಬಿ ಜಾಗ ಕೇಳುತ್ತವೆ. ಸೆಕೆಂಡಿಗೆ 100 ಮೆಗಾಬಿಟ್ ವೇಗದ ಸಂಪರ್ಕ ಒಂದು ಕ್ಷಣವೂ ಕುಂದದೆ ನಡೆದರೂ ಅಷ್ಟನ್ನು ಇಳಿಸಲು 3 ಗಂಟೆ 20 ನಿಮಿಷ ಬೇಕು. 40 ಮೆಗಾಬಿಟ್ ಸಂಪರ್ಕವಾದರೆ ಎಂಟು ಗಂಟೆ ಮೀರುತ್ತದೆ. ಆದ್ದರಿಂದ ‘ತೆಗೆದುಹಾಕಿ ಮತ್ತೆ ಇನ್‌ಸ್ಟಾಲ್ ಮಾಡಿ’ ಎಂಬ, ಎಲ್ಲರ ಬಾಯಲ್ಲೂ ಬರುವ ಸಲಹೆ ಈಗ ಒಂದು ಇಡೀ ದಿನದ ಬೆಲೆಯದ್ದು. ಅದನ್ನು ಕಟ್ಟಕಡೆಯ ಉಪಾಯವಾಗಿ ಇಟ್ಟುಕೊಳ್ಳಬೇಕೇ ಹೊರತು ಮೊದಲನೆಯದಾಗಿ ಅಲ್ಲ.

ಸ್ಟೀಮ್ ಗೇಮನ್ನು ಇಳಿಸುವ ಕ್ರಮವನ್ನು ಸ್ವಲ್ಪ ತಿಳಿದಿದ್ದರೆ ಅರ್ಧ ಗಾಬರಿ ಕಡಿಮೆಯಾಗುತ್ತದೆ. ಸ್ಟೀಮ್‌ಪೈಪ್ ಎಂಬ ಅದರ ವ್ಯವಸ್ಥೆಯು ಪ್ರತಿಯೊಂದು ಫೈಲನ್ನೂ ಸುಮಾರು 1 ಎಂಬಿ ಗಾತ್ರದ ತುಣುಕುಗಳಾಗಿ ಒಡೆದು, ಕುಗ್ಗಿಸಿ, ಗೂಢಲಿಪಿಯಲ್ಲಿ ಸರ್ವರುಗಳಲ್ಲಿ ಇಡುತ್ತದೆ. ಯಾವ ಫೈಲಿಗೆ ಯಾವ ತುಣುಕುಗಳು ಸೇರಬೇಕು, ಪ್ರತಿ ತುಣುಕಿನ ಗುರುತುಸಂಖ್ಯೆ ಏನು ಎಂಬ ವಿವರಗಳುಳ್ಳ ಮ್ಯಾನಿಫೆಸ್ಟ್ ಮೊದಲು ನಮ್ಮ ಕಂಪ್ಯೂಟರಿಗೆ ಬರುತ್ತದೆ. ಮದುವೆಮನೆಯ ಉಗ್ರಾಣದವರು ಚೀಟಿ ಹಿಡಿದು ಬಂದ ಸಾಮಾನನ್ನು ತಾಳೆ ನೋಡಿ ಒಳಗಿಡುವಂತೆ, ಸ್ಟೀಮ್ ಇಳಿದ ಒಂದೊಂದು ತುಣುಕನ್ನೂ ಆ ಪಟ್ಟಿಯೊಂದಿಗೆ ಹೋಲಿಸಿಯೇ ಸ್ವೀಕರಿಸುತ್ತದೆ. ಇದರಿಂದಾಗಿ ನಡುವೆ ಕರೆಂಟು ಹೋದರೂ, ರೌಟರ್ ಕೈಕೊಟ್ಟರೂ ಆವರೆಗೆ ಇಳಿದದ್ದು ಸಾಮಾನ್ಯವಾಗಿ ವ್ಯರ್ಥವಾಗುವುದಿಲ್ಲ. ಬೇಸಿಗೆಯಲ್ಲಿ ಲೋಡ್ ಶೆಡ್ಡಿಂಗ್ ಕಾಣುವ ನಮ್ಮ ಊರುಗಳ ಬಳಕೆದಾರರಿಗೆ ಈ ಒಂದು ಗುಣವೇ ಸ್ಟೀಮನ್ನು ಒಪ್ಪಿಕೊಳ್ಳಲು ಸಾಕಾದ ಕಾರಣ.

ಡೌನ್‌ಲೋಡ್ ಪುಟದಲ್ಲಿರುವ ನಕ್ಷೆಯನ್ನು ಹೆಚ್ಚಿನವರು ಅಲಂಕಾರವೆಂದು ಭಾವಿಸುತ್ತಾರೆ. ನಿಜವಾಗಿ ಸ್ಟೀಮ್ ಕೊಡುವ ಅತ್ಯಂತ ಪ್ರಾಮಾಣಿಕ ಮಾಹಿತಿ ಅಲ್ಲಿಯೇ ಇದೆ. ನೀಲಿ ಕಂಬಗಳು ಇಂಟರ್ನೆಟ್ಟಿನಿಂದ ಬರುತ್ತಿರುವ ದತ್ತಾಂಶವನ್ನೂ ಹಸಿರು ಗೆರೆ ಡಿಸ್ಕಿನ ಕೆಲಸವನ್ನೂ ತೋರಿಸುತ್ತವೆ. ನೀಲಿ ಸೊನ್ನೆಗೆ ಇಳಿದು ಹಸಿರು ಏರಿಳಿಯುತ್ತಿದ್ದರೆ ಡೌನ್‌ಲೋಡ್ ನಿಂತಿಲ್ಲ. ಬಂದ ತುಣುಕುಗಳನ್ನು ಬಿಡಿಸಿ, ಜೋಡಿಸಿ, ಬರೆಯುವ ಕೆಲಸ ನಡೆದಿದೆ. ಅಪ್‌ಡೇಟ್ ಸಮಯದಲ್ಲಂತೂ ಇದು ತೀರಾ ಸಾಮಾನ್ಯ. ಗೇಮ್ ತಯಾರಕರು ಸಾವಿರಾರು ಚಿತ್ರ, ಧ್ವನಿಗಳನ್ನು ಒಂದೇ ದೊಡ್ಡ ಪ್ಯಾಕ್ ಫೈಲಿನಲ್ಲಿ ತುಂಬಿಟ್ಟಿದ್ದರೆ, ಅದರೊಳಗೆ ಕೆಲವೇ ಎಂಬಿ ಬದಲಾದರೂ ಸ್ಟೀಮ್ ಆ ಫೈಲನ್ನು ಪೂರ್ತಿಯಾಗಿ ಹೊಸದಾಗಿ ಕಟ್ಟಿ ಆಮೇಲೆ ಹಳೆಯದನ್ನು ತೆಗೆಯುತ್ತದೆ. 300 ಎಂಬಿ ಅಪ್‌ಡೇಟಿಗೆ 40 ಜಿಬಿ ಖಾಲಿ ಜಾಗ ಏಕೆ ಬೇಕು ಎಂಬ ಗೊಂದಲಕ್ಕೂ, ಹಳೆಯ ಹಾರ್ಡ್ ಡಿಸ್ಕಿನಲ್ಲಿ ಅಷ್ಟಕ್ಕೇ ಮುಕ್ಕಾಲು ಗಂಟೆ ಏಕೆ ಹಿಡಿಯುತ್ತದೆ ಎಂಬ ಸಿಟ್ಟಿಗೂ ಉತ್ತರ ಇದೇ. ಇಂಥ ಹೊತ್ತಿನಲ್ಲಿ ಡೌನ್‌ಲೋಡ್ ತಡೆಹಿಡಿಯುವ ‘ಪಾಜ್’ ಗುಂಡಿ ಒತ್ತುವುದು, ಸ್ಟೀಮನ್ನು ಟಾಸ್ಕ್ ಮ್ಯಾನೇಜರಿನಿಂದ ಬಲವಂತವಾಗಿ ಮುಚ್ಚುವುದು, ಇಲ್ಲದ ತೊಂದರೆಯನ್ನು ಹುಟ್ಟಿಸಿಕೊಂಡಂತೆ.

ನೀಲಿಯೂ ಹಸಿರೂ ಎರಡೂ ನೆಲಕಚ್ಚಿದ್ದರೆ ಅದು ನಿಜವಾದ ತೊಂದರೆ, ಮತ್ತು ಸ್ಟೀಮಿನ ದೌರ್ಬಲ್ಯ ಬಯಲಾಗುವುದೂ ಅಲ್ಲಿಯೇ. ‘ಡಿಸ್ಕ್ ರೈಟ್ ಎರರ್’ ಎಂಬ ಸಂದೇಶವನ್ನೇ ತೆಗೆದುಕೊಳ್ಳಿ. ಆಂಟಿವೈರಸ್ ಒಂದು ಫೈಲನ್ನು ಅನುಮಾನಿಸಿ ತಡೆದಿರಬಹುದು. ವಿಂಡೋಸ್ ಸೆಕ್ಯುರಿಟಿಯಲ್ಲಿರುವ ಕಂಟ್ರೋಲ್ಡ್ ಫೋಲ್ಡರ್ ಆಕ್ಸೆಸ್ ಎಂಬ ರಕ್ಷಣೆ ಆ ಫೋಲ್ಡರಿನಲ್ಲಿ ಬರೆಯಲು ಬಿಡದಿರಬಹುದು. ಎಕ್ಸ್‌ಟರ್ನಲ್ ಡ್ರೈವ್ ಫ್ಯಾಟ್32 ಕ್ರಮದಲ್ಲಿ ಫಾರ್ಮ್ಯಾಟ್ ಆಗಿದ್ದು 4 ಜಿಬಿ ಮೀರಿದ ಫೈಲು ಅಲ್ಲಿ ಹಿಡಿಸದಿರಬಹುದು. ಹಿಂದಿನ ವಿಫಲ ಯತ್ನದ ಅರೆಬರೆ ಫೈಲು ಅಡ್ಡವಾಗಿರಬಹುದು. ಅಥವಾ ಡಿಸ್ಕೇ ಸಾಯುವ ಹಂತದಲ್ಲಿರಬಹುದು. ಒಂದಕ್ಕೊಂದು ಸಂಬಂಧವಿಲ್ಲದ ಈ ಐದು ಕಾರಣಗಳಿಗೂ ಪರದೆಯ ಮೇಲೆ ಮೂಡುವುದು ಅದೇ ಮೂರು ಪದ. ಯಾವ ಫೈಲನ್ನು ಬರೆಯಲಾಗಲಿಲ್ಲ ಎಂಬುದು ಸ್ಟೀಮಿಗೆ ಗೊತ್ತಿರುವುದಿಲ್ಲವೇ ಎಂದರೆ ಖಂಡಿತ ಗೊತ್ತಿರುತ್ತದೆ. ಸ್ಟೀಮ್ ಇನ್‌ಸ್ಟಾಲ್ ಆಗಿರುವ ಫೋಲ್ಡರಿನೊಳಗಿನ ‘ಲಾಗ್ಸ್’ ಫೋಲ್ಡರಿನಲ್ಲಿ ‘ಕಂಟೆಂಟ್ ಲಾಗ್’ ಎಂಬ ಹೆಸರಿನ ಸಾದಾ ಪಠ್ಯದ ಫೈಲಿದ್ದು, ಅದರ ಕೊನೆಯ ಸಾಲುಗಳಲ್ಲಿ ತಕರಾರು ತೆಗೆದ ಫೈಲಿನ ಹೆಸರು, ವಿಳಾಸ ಎರಡೂ ಹಲವು ಬಾರಿ ಸ್ಪಷ್ಟವಾಗಿಯೇ ಇರುತ್ತವೆ. ಅಷ್ಟನ್ನು ಎತ್ತಿ ಪರದೆಯ ಮೇಲೆ ತೋರಿಸುವ ಸೌಜನ್ಯವನ್ನು ವಾಲ್ವ್ ಇನ್ನೂ ತೋರಿಲ್ಲ. ಗೊತ್ತಿದ್ದೂ ಹೇಳದಿರುವುದು ನನ್ನ ಮಟ್ಟಿಗೆ ಈ ತಂತ್ರಾಂಶದ ಅತಿ ದೊಡ್ಡ ಕೊರತೆ.

ಆ ಲಾಗಿನಲ್ಲಿ ಕಂಡ ಫೈಲು ಆಂಟಿವೈರಸ್ಸು ಅನುಮಾನಿಸಿ ಪ್ರತ್ಯೇಕವಾಗಿಟ್ಟ ಫೈಲುಗಳ ಪಟ್ಟಿಯಲ್ಲಿ (ಕ್ವಾರಂಟೈನ್) ಇದ್ದರೆ ವಿಷಯ ಅಲ್ಲಿಗೇ ಮುಗಿಯಿತು: ಸ್ಟೀಮ್ ಲೈಬ್ರರಿಯ ಫೋಲ್ಡರಿಗೆ ವಿನಾಯಿತಿ ಕೊಟ್ಟು ಮುಂದುವರಿಯಬಹುದು. ಆಂಟಿವೈರಸ್ಸನ್ನೇ ಪೂರ್ತಿ ಆರಿಸಿ ಕೂರುವ ಅಗತ್ಯವಿಲ್ಲ. ಫೈಲು ಅಲ್ಲಿಲ್ಲದಿದ್ದರೆ ಸ್ಟೀಮನ್ನು ಮುಚ್ಚಿ, ‘ಸ್ಟೀಮ್‌ಆ್ಯಪ್ಸ್’ ಫೋಲ್ಡರಿನೊಳಗಿನ ‘ಡೌನ್‌ಲೋಡಿಂಗ್’ ಫೋಲ್ಡರಿನಲ್ಲಿ ಉಳಿದ ಅರೆಬರೆ ಫೈಲುಗಳನ್ನು ಅಳಿಸಿ ನೋಡಬೇಕು. ಸೆಟ್ಟಿಂಗ್ಸ್‌ನ ಸ್ಟೋರೇಜ್ ವಿಭಾಗದಲ್ಲಿ ‘ರಿಪೇರ್ ಫೋಲ್ಡರ್’ ಎಂಬ ಆಯ್ಕೆಯೂ ಇದ್ದು, ಅನುಮತಿಗಳ ಗೊಂದಲವನ್ನು ಅದು ಬಗೆಹರಿಸುತ್ತದೆ. ಆದರೆ ಅದನ್ನು ಮೂರು ಚುಕ್ಕಿಗಳ ಗುಂಡಿಯ ಹಿಂದೆ ಅಡಗಿಸಿಟ್ಟಿರುವುದರಿಂದ ಅಗತ್ಯವಿದ್ದವರ ಕಣ್ಣಿಗೆ ಅದು ಬೀಳುವುದು ಅಪರೂಪ.

ಇಂಟರ್ನೆಟ್ಟಿನ ಕಡೆಯ ತೊಂದರೆಗಳಿಗೆ ಸ್ಟೀಮ್ ಕೊಡುವ ಸಾಧನಗಳು ಎರಡು. ‘ಕ್ಲಿಯರ್ ಡೌನ್‌ಲೋಡ್ ಕ್ಯಾಶ್’ ಒತ್ತಿದರೆ ಗೇಮ್‌ಗಳೇ ಅಳಿಸಿಹೋಗುತ್ತವೆಂಬ ಭಯ ಅನೇಕರಿಗಿದೆ, ಅದು ನಿರಾಧಾರ. ತಾತ್ಕಾಲಿಕ ಸೆಟ್ಟಿಂಗುಗಳು ಮಾತ್ರ ಅಳಿದು, ಮತ್ತೊಮ್ಮೆ ಲಾಗಿನ್ ಆಗಬೇಕಾಗುತ್ತದೆ, ಅಷ್ಟೇ. ಎರಡನೆಯದು ಡೌನ್‌ಲೋಡ್ ರೀಜನ್, ಅಂದರೆ ಯಾವ ಊರಿನ ಸರ್ವರ್ ಕೇಂದ್ರದಿಂದ ಗೇಮ್ ಇಳಿಸಬೇಕೆಂಬ ಆಯ್ಕೆ. ಮುಂಬೈ, ಚೆನ್ನೈ ಮುಂತಾದ ಭಾರತದ ಕೇಂದ್ರಗಳು ಪಟ್ಟಿಯಲ್ಲಿವೆ. ಹತ್ತಿರದ್ದೇ ಯಾವಾಗಲೂ ವೇಗದ್ದಾಗಿರುತ್ತದೆ ಎಂಬ ನಿಯಮವೇನಿಲ್ಲ, ಏಕೆಂದರೆ ನಮ್ಮ ಬ್ರಾಡ್‌ಬ್ಯಾಂಡ್ ಸಂಸ್ಥೆ ಯಾವ ಮಾರ್ಗವಾಗಿ ಆ ಕೇಂದ್ರವನ್ನು ತಲುಪುತ್ತದೆ ಎಂಬುದರ ಮೇಲೆ ವೇಗ ನಿಂತಿರುತ್ತದೆ. ಕೇಂದ್ರ ಬದಲಿಸಿದ ಕೂಡಲೇ ವೇಗ ಚೇತರಿಸಿಕೊಂಡರೆ ದೋಷ ನಿಮ್ಮ ಕಂಪ್ಯೂಟರಿನದಲ್ಲ ಎಂಬ ಸಾಕ್ಷಿಯೂ ಸಿಕ್ಕಂತಾಗುತ್ತದೆ. ಮೊಬೈಲ್ ಹಾಟ್‌ಸ್ಪಾಟಿಗೆ ಜೋಡಿಸಿ ಯಾವುದಾದರೂ ಪುಟ್ಟ ಉಚಿತ ಗೇಮ್ ಇಳಿಸಿ ನೋಡುವುದೂ ಇದೇ ಬಗೆಯ ಪರೀಕ್ಷೆ. ನನ್ನ ಹಿಂದಿನ ಬ್ರಾಡ್‌ಬ್ಯಾಂಡ್ ಸೇವೆಯವರು ಸಂಜೆಯ ಹೊತ್ತು ಬೀಳುತ್ತಿದ್ದ ವೇಗಕ್ಕೆ ಪ್ರತಿ ಸಲವೂ ‘ನಿಮ್ಮ ಸಿಸ್ಟಮ್ ಫಾರ್ಮ್ಯಾಟ್ ಮಾಡಿಸಿ’ ಎಂಬ ಉತ್ತರ ಕೊಡುತ್ತಿದ್ದರು. ಅಂಥವರ ಮುಂದೆ ಇಡಲು ಇಂಥ ಹೋಲಿಕೆ ಕೈಯಲ್ಲಿರುವುದು ಒಳ್ಳೆಯದು. ದೂರು ಕೊಡುವ ಮೊದಲು ಲೆಕ್ಕವನ್ನೂ ಸರಿಯಾಗಿ ಹಾಕಿಕೊಳ್ಳಬೇಕು: ಬ್ರಾಡ್‌ಬ್ಯಾಂಡ್ ಯೋಜನೆಯ ವೇಗ ಬಿಟ್‌ಗಳಲ್ಲಿರುತ್ತದೆ, ಸ್ಟೀಮ್ ಬೈಟ್‌ಗಳಲ್ಲಿ ತೋರಿಸುತ್ತಿದ್ದರೆ 100 ಮೆಗಾಬಿಟ್ ಯೋಜನೆಗೆ 12 ಮೆಗಾಬೈಟ್ ಕಾಣುವುದು ಸರಿಯಾದ ವೇಗವೇ.

ಗೇಮ್ ಇಳಿದ ಮೇಲೆ ತೆರೆಯದಿದ್ದರೆ ಉಪಯೋಗಕ್ಕೆ ಬರುವುದು ಪ್ರಾಪರ್ಟೀಸ್‌ನಲ್ಲಿರುವ ‘ವೆರಿಫೈ ಇಂಟೆಗ್ರಿಟಿ’. ಡಿಸ್ಕಿನಲ್ಲಿರುವ ಫೈಲುಗಳನ್ನು ಮ್ಯಾನಿಫೆಸ್ಟಿನೊಂದಿಗೆ ಹೋಲಿಸಿ, ತಾಳೆಯಾಗದ ಭಾಗವನ್ನಷ್ಟೇ ಮತ್ತೆ ತರಿಸಿಕೊಳ್ಳುವ ಈ ಸೌಲಭ್ಯಕ್ಕೆ ನಾನು ಪೂರ್ಣ ಅಂಕ ಕೊಡುತ್ತೇನೆ. ಒಂದೆರಡು ಫೈಲುಗಳು ತಾಳೆಯಾಗಲಿಲ್ಲವೆಂಬ ಸಂದೇಶ ಬಂದರೆ ಹೆದರಬೇಕಾಗಿಲ್ಲ. ಕೆಲವು ಗೇಮ್‌ಗಳಲ್ಲಿ ನಮ್ಮ ಸೆಟ್ಟಿಂಗುಗಳಿರುವ ಫೈಲುಗಳು ಹಾಗೆಯೇ ತೋರುತ್ತವೆಂದು ಸ್ಟೀಮಿನ ಸಹಾಯಪುಟವೇ ಹೇಳುತ್ತದೆ. ಮಾಡ್ (ಗೇಮನ್ನು ಬದಲಾಯಿಸಲು ಬೇರೆಯವರು ಮಾಡಿದ ಸೇರ್ಪಡೆ) ಹಾಕಿಕೊಂಡವರು ಮಾತ್ರ ಎಚ್ಚರದಿಂದಿರಬೇಕು, ಬದಲಾಯಿಸಿದ ಮೂಲ ಫೈಲುಗಳನ್ನು ಅದು ಮೊದಲಿನಂತೆಯೇ ಮಾಡಿಬಿಡುತ್ತದೆ. ವಿಂಡೋಸ್ ಹೊಸದಾಗಿ ಹಾಕಿಸಿದಾಗ ಹಳೆಯ ಡ್ರೈವಿನಲ್ಲಿ ಗೇಮ್ ಫೋಲ್ಡರ್ ಉಳಿದಿದ್ದರೆ ಅದನ್ನು ಅಳಿಸಬಾರದು. ಅದೇ ಲೈಬ್ರರಿಯನ್ನು ಆಯ್ದು ಇನ್‌ಸ್ಟಾಲ್ ಒತ್ತಿದರೆ ಸ್ಟೀಮ್ ಇರುವ ಫೈಲುಗಳನ್ನು ಗುರುತಿಸಿ ಬಳಸಿಕೊಳ್ಳುತ್ತದೆ.

ವೆರಿಫೈ ಮಾಡಿದಷ್ಟೂ ಸಲ ಬೇರೆ ಬೇರೆ ಫೈಲುಗಳು ಕೆಟ್ಟಿವೆಯೆಂದು ತೋರುತ್ತಿದ್ದರೆ ಅನುಮಾನವನ್ನು ತಂತ್ರಾಂಶದಿಂದ ಯಂತ್ರದ ಕಡೆಗೆ ತಿರುಗಿಸಬೇಕು. ತುಣುಕನ್ನು ಬಿಡಿಸುವುದು ಪ್ರೊಸೆಸರ್, ಹಿಡಿದಿಡುವುದು ರ‍್ಯಾಮ್. ಇವುಗಳಲ್ಲಿ ಒಂದು ಬಿಟ್ ತಪ್ಪಿದರೂ ಗುರುತುಸಂಖ್ಯೆ ತಾಳೆಯಾಗದು. ಇಂಟೆಲ್‌ನ 13 ಮತ್ತು 14ನೆಯ ಪೀಳಿಗೆಯ ಡೆಸ್ಕ್‌ಟಾಪ್ ಪ್ರೊಸೆಸರುಗಳ ಕಥೆ ಇದಕ್ಕೆ ತಕ್ಕ ನಿದರ್ಶನ. ಅವುಗಳಲ್ಲಿ ಗೇಮ್ ದತ್ತಾಂಶವನ್ನು ಬಿಡಿಸುವಾಗ ತಪ್ಪುಗಳಾಗುತ್ತಿವೆಯೆಂದು ಗೇಮ್ ದತ್ತಾಂಶವನ್ನು ಕುಗ್ಗಿಸುವ ಊಡಲ್ ತಂತ್ರಜ್ಞಾನವನ್ನು ರೂಪಿಸುವ ರ‍್ಯಾಡ್ ಸಂಸ್ಥೆ ಬಹಿರಂಗವಾಗಿಯೇ ತಿಳಿಸಿತ್ತು. 2024ರಲ್ಲಿ ಇಂಟೆಲ್ ಅಸ್ಥಿರತೆಯನ್ನು ಒಪ್ಪಿಕೊಂಡು, ಮೈಕ್ರೋಕೋಡ್ (ಪ್ರೊಸೆಸರಿನೊಳಗಿನ ಸೂಚನೆಗಳು) ತಿದ್ದುಪಡಿಗಳನ್ನು ಬಿಡುಗಡೆ ಮಾಡಿ, ವಾರಂಟಿಯನ್ನು ಎರಡು ವರ್ಷ ವಿಸ್ತರಿಸಿತು. ಆ ಪೀಳಿಗೆಯ ಪ್ರೊಸೆಸರ್ ಇರುವವರು ಆ ತಿದ್ದುಪಡಿಯನ್ನು ಹೊತ್ತು ತರುವ ಬಯೋಸ್ (ಮದರ್‌ಬೋರ್ಡಿನ ಮೂಲ ತಂತ್ರಾಂಶ) ಅಪ್‌ಡೇಟ್ ಆಗಿದೆಯೇ ಎಂದು ನೋಡದೆ ಗೇಮನ್ನಾಗಲಿ ಸ್ಟೀಮನ್ನಾಗಲಿ ಬೈದು ಪ್ರಯೋಜನವಿಲ್ಲ. ಉಳಿದವರು ಮೆಮ್‌ಟೆಸ್ಟ್86ನ್ನು ಒಂದು ರಾತ್ರಿ ಓಡಿಸಿ ರ‍್ಯಾಮ್ ಪರೀಕ್ಷಿಸಬಹುದು, ಕ್ರಿಸ್ಟಲ್‌ಡಿಸ್ಕ್‌ಇನ್ಫೋದಲ್ಲಿ ಡಿಸ್ಕಿನ ಆರೋಗ್ಯ ನೋಡಬಹುದು.

ಪ್ರತಿಸ್ಪರ್ಧಿಗಳೊಂದಿಗೆ ಹೋಲಿಸಿದಾಗ ಸ್ಟೀಮಿನ ಮೇಲಿನ ಸಿಟ್ಟು ಸ್ವಲ್ಪ ಇಳಿಯುತ್ತದೆ. ವಿಂಡೋಸಿನ ಎಕ್ಸ್‌ಬಾಕ್ಸ್ ಆ್ಯಪ್ ದೋಷ ಬಂದಾಗ ಅರ್ಥವಾಗದ ಸಂಕೇತಸಂಖ್ಯೆಯೊಂದನ್ನು ಮುಂದಿಡುತ್ತದೆ. ಅದರ ಗೇಮ್‌ಗಳು ಗೇಮಿಂಗ್ ಸರ್ವಿಸಸ್ ಎಂಬ ಇನ್ನೊಂದು ಘಟಕವನ್ನು ನೆಚ್ಚಿಕೊಂಡಿರುವುದರಿಂದ, ಆ ಘಟಕ ಕೆಟ್ಟರೆ ಯಾವ ಗೇಮೂ ಇನ್‌ಸ್ಟಾಲ್ ಆಗದು. ಎಪಿಕ್ ಕಂಪನಿಯ ಗೇಮ್ ಅಂಗಡಿಯಾದ ಎಪಿಕ್ ಲಾಂಚರಿನಲ್ಲಿ ಬೇರೆ ಕಡೆ ನಕಲು ಮಾಡಿಟ್ಟ ಗೇಮನ್ನು ಮತ್ತೆ ಗುರುತಿಸುವಂತೆ ಮಾಡಲು, ಇನ್‌ಸ್ಟಾಲ್ ಶುರುಮಾಡಿ ನಿಲ್ಲಿಸಿ, ಫೋಲ್ಡರನ್ನು ಅದರ ಮೇಲೆ ಹಾಕಿ, ಮತ್ತೆ ಮುಂದುವರಿಸುವ ಸುತ್ತುದಾರಿಯನ್ನು ಬಳಕೆದಾರರು ಹಿಡಿಯಬೇಕಾಯಿತು. ಸ್ಟೀಮ್ 2023ರಲ್ಲಿ ತಂದ ಲೋಕಲ್ ನೆಟ್‌ವರ್ಕ್ ವರ್ಗಾವಣೆಯಾದರೋ ಒಂದೇ ವೈಫೈ ಅಥವಾ ಲ್ಯಾನ್‌ನಲ್ಲಿರುವ ಇನ್ನೊಂದು ಕಂಪ್ಯೂಟರಿನಿಂದ ಗೇಮನ್ನು ನೇರವಾಗಿ ತರಿಸಿಕೊಳ್ಳುತ್ತದೆ. ಸ್ವಂತ ಕಂಪ್ಯೂಟರುಗಳ ನಡುವೆ ಮಾತ್ರವೇ, ಸ್ನೇಹಿತರಿಗೂ ಇರಲೇ ಎಂಬುದನ್ನು ನಾವೇ ನಿರ್ಧರಿಸಬಹುದು. ಹಾಸ್ಟೆಲ್ ಕೋಣೆಯಲ್ಲಿ ಒಬ್ಬರು ಇಳಿಸಿದ 150 ಜಿಬಿಯನ್ನು ಪಕ್ಕದವರು ಇಂಟರ್ನೆಟ್ ಮಿತಿಯನ್ನು ಮುಟ್ಟದೆ ಪಡೆಯಬಹುದೆಂದರೆ ಅದು ಸಣ್ಣ ಉಪಕಾರವಲ್ಲ.

ಮೊದಲ ಸಲ ಗೇಮ್ ತೆರೆಯುವಾಗ ನಡೆಯುವ ಡೈರೆಕ್ಟ್‌ಎಕ್ಸ್, ವಿಷುವಲ್ ಸಿ ಪ್ಲಸ್ ಪ್ಲಸ್ ಎಂಬ, ಗೇಮ್ ಓಡಲು ಬೇಕಾದ ವಿಂಡೋಸ್ ಘಟಕಗಳ ಅಳವಡಿಕೆ ಅಲ್ಲಾಡದೆ ನಿಂತರೆ, ಗೇಮ್ ಫೋಲ್ಡರಿನಲ್ಲಿ ಅಥವಾ ಸ್ಟೀಮಿನ ಹಂಚಿಕೆಯ ಫೋಲ್ಡರಿನಲ್ಲಿರುವ ‘ಕಾಮನ್ ರೀಡಿಸ್ಟ್’ ಎಂಬಲ್ಲಿಗೆ ಹೋಗಿ ಅವನ್ನು ಕೈಯಾರೆ ಓಡಿಸಿದರೆ ಸಾಮಾನ್ಯವಾಗಿ ದಾರಿ ತೆರೆದುಕೊಳ್ಳುತ್ತದೆ.

ಏನು ಮಾಡಿದರೂ ಆಗದಿದ್ದಾಗ ಉಳಿಯುವುದು ಹಣ ವಾಪಸಿನ ಪ್ರಶ್ನೆ. ಕೊಂಡು 14 ದಿನ ಮೀರಿರಬಾರದು, ಆಡಿದ ಸಮಯ 2 ಗಂಟೆಯೊಳಗಿರಬೇಕು ಎಂಬುದು ಸ್ಟೀಮಿನ ನಿಯಮ. ಡೌನ್‌ಲೋಡ್ ಆಗದ ಗೇಮಿಗೆ ಆಡಿದ ಸಮಯವೇ ಇರದ ಕಾರಣ, ಇದು ಬಳಕೆದಾರನ ಪರವಾಗಿಯೇ ಇದೆ. ತೊಡಕಿರುವುದು ‘ಮೈಕ್ರೋಸಾಫ್ಟ್ ಫ್ಲೈಟ್ ಸಿಮ್ಯುಲೇಟರ್’ನಂಥ ಗೇಮ್‌ಗಳಲ್ಲಿ. 2020ರ ಆ ಆವೃತ್ತಿಯಲ್ಲಿ ಸ್ಟೀಮ್ ಇಳಿಸುವುದು ಒಂದು ಸಣ್ಣ ಭಾಗವನ್ನು ಮಾತ್ರ. ಉಳಿದ ಹತ್ತಾರು ಜಿಬಿ ಗೇಮ್ ತೆರೆದ ಮೇಲೆ ಅದರೊಳಗಿನಿಂದಲೇ ಇಳಿಯುತ್ತದೆ, ಮತ್ತು ಆ ಗಂಟೆಗಳನ್ನೆಲ್ಲ ಸ್ಟೀಮ್ ಆಡಿದ ಸಮಯವೆಂದೇ ಎಣಿಸುತ್ತದೆ. ಅಂಥ ಗೇಮ್ ಕೊಂಡವರು ಡೌನ್‌ಲೋಡ್ ಕೈಕೊಡುವ ಸೂಚನೆ ಕಂಡೊಡನೆ ಅದನ್ನು ಮುಚ್ಚಿ, ಲೈಬ್ರರಿಯಲ್ಲಿ ತೋರುವ ಸಮಯ ನೋಡಿಕೊಂಡು, ಎರಡು ಗಂಟೆಯೊಳಗೇ ಅರ್ಜಿ ಹಾಕುವುದು ಕ್ಷೇಮ. ಸ್ಟೀಮಿಗೆ ಫೋನ್ ಮಾಡಿ ವಿವರಿಸುವ ಅವಕಾಶವಿಲ್ಲ; ಬರೆದೇ ಕೇಳಬೇಕು. ಆ ಬರಹದ ಜೊತೆ ಕಂಟೆಂಟ್ ಲಾಗಿನ ಕೊನೆಯ ಹತ್ತು ಸಾಲುಗಳನ್ನೂ ಸೇರಿಸಿ ಕಳುಹಿಸಿದರೆ, ಈಗಾಗಲೇ ಮಾಡಿ ನೋಡಿದ ಉಪಾಯಗಳನ್ನೇ ಮತ್ತೆ ಮಾಡಿ ಎನ್ನುವ ಸಿದ್ಧ ಉತ್ತರವನ್ನು ಓದುವ ಸಂಭವವಾದರೂ ಕಡಿಮೆಯಾಗುತ್ತದೆ.