ಅಜ್ಜನ ಮುಖಕ್ಕೆ ಜಗಲಿಯ ಬೆಳಕೋ, ಎಲ್‌ಇಡಿಯೋ?

ಬದಿಯಡ್ಕದ ಹತ್ತಿರ ನಮ್ಮ ಮನೆ. ಮಳೆಗಾಲದಲ್ಲಿ ಅಜ್ಜ ತೋಟಕ್ಕೆ ಇಳಿಯುವುದು ಕಮ್ಮಿ, ಹಾಗಾಗಿ ಕ್ಯಾಮೆರಾ ಎದುರು ಕೂರಿಸುವುದು ಸುಲಭ. 82 ವರ್ಷದ ಮುಖ, ಒಂದೇ 50 ಎಂಎಂ ಲೆನ್ಸ್, ಎರಡು ಬೆಳಕು. ಕಪ್ಪು ಬಿಳುಪಿಗೆ ಯಾವುದು ಒಗ್ಗುತ್ತದೆ ಅಂತ ನೋಡಿದೆ.

ಮೊದಲು ಚಾವಡಿಯಲ್ಲಿ ಎಲ್‌ಇಡಿ. ಮುಖಕ್ಕೆ 45 ಡಿಗ್ರಿ ಓರೆಯಾಗಿ, ತಲೆಗಿಂತ ತುಸು ಮೇಲೆ ಇಟ್ಟೆ. ನೆರಳಿನ ಕೆನ್ನೆಯಲ್ಲಿ ಸಣ್ಣ ತ್ರಿಕೋನದ ಬೆಳಕು ಬಂತು. ರೆಂಬ್ರಾಂಟ್ ಲೈಟಿಂಗ್ ಅನ್ನುವುದು ಇದನ್ನೇ. ಆದರೆ ಸೆಕೆಗೆ ಬೆವರಿದ ಹಣೆ ಪಳಪಳ. ಬಿಳಿ ವೇಷ್ಟಿಯನ್ನು ಅಡ್ಡ ಹಿಡಿದರೆ ಬೆಳಕು ಮೆತ್ತಗಾಯಿತು, ಕಮ್ಮಿಯೂ ಆಯಿತು. ಹಾಗಾಗಿ ಲೈಟನ್ನು ಹತ್ತಿರಕ್ಕೆ ಸರಿಸಿದೆ. ದೂರ ಅರ್ಧವಾದರೆ ಬೆಳಕು ಹೆಚ್ಚುಕಮ್ಮಿ ನಾಲ್ಕು ಪಟ್ಟು ಅಲ್ವಾ, ಮೂಗು ಬೆಳಗಿತು, ಕಿವಿ ಕತ್ತಲಲ್ಲಿ ಮುಳುಗಿತು. “ಎಂತ ಮಾಣಿ ಇದು, ಕಣ್ಣಿಗೆ ಚುಚ್ಚುತ್ತದೆ” ಅಂತ ಅಜ್ಜ ಎದ್ದೇ ಬಿಟ್ಟರು.

ಜಗಲಿಯಲ್ಲಿ ಕಷ್ಟವೇ ಇಲ್ಲ. ಮಾಡು ತಗ್ಗು, ಹಾಗಾಗಿ ಮೋಡದ ಬೆಳಕು ತಲೆಯ ಮೇಲಿಂದ ಬೀಳದೆ ಬದಿಯಿಂದ ಬರುತ್ತದೆ. ಕಣ್ಣಿನ ಗುಳಿ ಕಪ್ಪಾಗುವುದಿಲ್ಲ, ಸುಕ್ಕು ಮಾತ್ರ ಒಂದೊಂದೂ ಎದ್ದು ಕಾಣುತ್ತದೆ. ನೆರಳಿನ ಬದಿಗೂ ಬೆಳಕು ತಿರುಗಿ ಬೀಳಲಿ ಅಂತ ತಮ್ಮ ಬಿಳಿ ಬೈರಾಸು (ಟವೆಲ್) ಹಿಡಿದ. ಅವನ ಕೈ ಸೋತು ಇಳಿಸಿದಾಗ ತೆಗೆದದ್ದೇ ನನಗೆ ಜಾಸ್ತಿ ಹಿಡಿಸಿತು. ತೊಂದರೆ ಅಂದರೆ ಮೋಡ ಸರಿದ ಹಾಗೆ ಎಕ್ಸ್‌ಪೋಷರ್ (ಕ್ಯಾಮೆರಾಕ್ಕೆ ಸಿಗುವ ಬೆಳಕಿನ ಲೆಕ್ಕ) ಬದಲಾಗುತ್ತಲೇ ಇರುತ್ತದೆ.

ನಿಜವಾದ ವ್ಯತ್ಯಾಸ ಗೊತ್ತಾದದ್ದು ಎಡಿಟಿಂಗಿನಲ್ಲಿ. ಜಗಲಿಯ ಫೋಟೋದಲ್ಲಿ ಸುಮ್ನೆ ಸ್ಯಾಚುರೇಶನ್ (ಬಣ್ಣದ ಗಾಢತೆ) ಸೊನ್ನೆಗೆ ಇಳಿಸಿದರೆ ಅಜ್ಜನ ಕೆನ್ನೆ, ಹಿಂದಿನ ಅಡಿಕೆ ಸೋಗೆ ಎರಡೂ ಒಂದೇ ಬೂದು. ರಾ ಫೈಲಿನಲ್ಲಿ, ಅಂದರೆ ಕ್ಯಾಮೆರಾ ಹಿಡಿದ ಮಾಹಿತಿಯೆಲ್ಲ ಹಾಗೇ ಉಳಿದಿರುವ ಫೈಲಿನಲ್ಲಿ, ಒಂದೊಂದು ಬಣ್ಣ ಎಷ್ಟು ಬೆಳ್ಳಗೆ ಅಥವಾ ಕಪ್ಪಗೆ ಕಾಣಬೇಕು ಅಂತ ಬೇರೆ ಬೇರೆ ಸರಿಸಿದೆ. ಹಸಿರು, ಹಳದಿ ಇಳಿಸಿದಾಗ ತೋಟ ಕಪ್ಪಾಗಿ ಮುಖ ಮುಂದೆ ಬಂತು. ಚರ್ಮದ ಕೀಲಿ ಕಿತ್ತಳೆಯಲ್ಲಿದೆ: ಏರಿಸಿದರೆ ಕಲೆ ಮಾಸುತ್ತದೆ, ಇಳಿಸಿದರೆ ಸುಕ್ಕು ಗಟ್ಟಿಯಾಗುತ್ತದೆ. ಕೆಂಪು ಏರಿಸಿ ಪೆಟ್ಟು ತಿಂದೆ. ಮುರಕಲ್ಲಿನ ಅಂಗಳದ ಕೆಂಪು ಗಲ್ಲದಡಿಗೆ ಹೊಡೆದಿತ್ತು, ಅದು ಬೆಳ್ಳಗಾಗಿ ಅಜ್ಜ ಯಕ್ಷಗಾನದ ಬಣ್ಣದ ವೇಷದ ಹಾಗೆ ಕಂಡರು!

ನನ್ನ ಅಗ್ಗದ ಎಲ್‌ಇಡಿಯಲ್ಲಿ ಕೆಂಪೇ ಕಮ್ಮಿ. ಆ ಫೋಟೋದಲ್ಲಿ ಕಿತ್ತಳೆ ಇಳಿಸಿದರೆ ಕೆನ್ನೆಯೆಲ್ಲ ತೇಪೆ ತೇಪೆ. ಏರಿಸಿದಾಗ ಮಾತ್ರ ನುಣುಪು.

ನಾನು ಪ್ರಿಂಟ್ ಹಾಕಿಸಿದ್ದು ಜಗಲಿಯದ್ದು. ಅಜ್ಜಿಗೆ ಎಲ್‌ಇಡಿಯದ್ದೇ ಬೇಕಂತೆ. ಅದರಲ್ಲಿ ಅಜ್ಜ ಹತ್ತು ವರ್ಷ ಸಣ್ಣ ಕಾಣುತ್ತಾರಂತೆ.