10 ಲೀಟರಿನ ಭರಣಿ: ಪಾತ್ರೆ ಚೆನ್ನ, ಮುಚ್ಚಳ ಯಾರದ್ದೋ

ಅಜ್ಜಿಯ ಹಳೇ ಭರಣಿಗೆ ನಮ್ಮಮ್ಮ ಹೋದ ವರ್ಷ ಅಪ್ಪೆಮಿಡಿ ಹಾಕಿಬಿಟ್ಟರು. ಒಳಗೆ ಕೂದಲೆಳೆಯಷ್ಟು ಬಿರುಕಿತ್ತು. ಉಪ್ಪು, ಖಾರ, ಇಂಗು ಎಲ್ಲ ಅದರೊಳಗೆ ಇಳಿದು ಕೂತಿತು. ಎಷ್ಟು ತೊಳೆದರೂ ವಾಸನೆ ಹೋಗಲಿಲ್ಲ. ಕ್ರಿಸ್‌ಮಸ್ ವೈನ್‌ನಲ್ಲಿ ಇಂಗಿನ ಘಮ ಬಂದರೆ ಹೇಗಿರುತ್ತೆ ಹೇಳಿ! ಅದಕ್ಕೇ ಅಕ್ಟೋಬರ್ ಕೊನೆಗೆ ಶಿವಮೊಗ್ಗದ ಗಾಂಧಿ ಬಜಾರ್‌ಗೆ ಹೋಗಿ ಹೊಸ ಪಿಂಗಾಣಿ ಭರಣಿ ತಂದೆ. ಹೇಳಿದ್ದು 1,100 ರೂಪಾಯಿ, ಚೌಕಾಸಿ ಮಾಡಿ 950ಕ್ಕೆ ಬಂತು.

ಪಾತ್ರೆಗೆ ಹೆಸರಿಡೋ ಹಾಗಿಲ್ಲ. ಬೆರಳಿನ ಗೆಣ್ಣಿನಿಂದ ತಟ್ಟಿದರೆ ಟಣ್ ಅನ್ನುತ್ತೆ. ಬಾಯಿ ಅಗಲ, ಮೊಣಕೈವರೆಗೂ ಕೈ ಇಳಿಯುತ್ತೆ. 3 ಕೆಜಿ ಬೆಂಗಳೂರು ಬ್ಲೂ ದ್ರಾಕ್ಷಿ, ಎರಡೂವರೆ ಕೆಜಿ ಸಕ್ಕರೆ, ಕುದಿಸಿ ಆರಿಸಿದ 3 ಲೀಟರ್ ನೀರು, ಒಂದು ಹಿಡಿ ಗೋಧಿ, ಚಕ್ಕೆ, ಲವಂಗ, ಸ್ವಲ್ಪ ಈಸ್ಟ್. ಮುಕ್ಕಾಲು ತುಂಬಿತು. ಜಾಸ್ತಿ ತುಂಬಬಾರದು, ಮೂರ್ನಾಲ್ಕು ದಿನಕ್ಕೆ ಸಿಪ್ಪೆಯೆಲ್ಲ ಉಬ್ಬಿ ಮೇಲೆ ಬರುತ್ತೆ. ದಿನಾ ಬೆಳಿಗ್ಗೆ ಮರದ ಸೌಟಿನಲ್ಲಿ ಅದುಮಬೇಕು. ಕಿವಿಯಿಟ್ಟರೆ ಸಣ್ಣಗೆ ಚುರುಚುರು ಸದ್ದು.

ದೂರು ಮುಚ್ಚಳದ್ದು. ಒಂದು ಕಡೆ ಕೂತರೆ ಇನ್ನೊಂದು ಕಡೆ ಏಳುತ್ತೆ. ವಾಪಸ್ ಒಯ್ದರೆ ಅಂಗಡಿಯವರು, 'ವೈನಿಗೆ ಗಾಳಿ ಆಡ್ಬೇಕಲ್ವಾ ಸಾರ್' ಅಂದುಬಿಟ್ಟರು. ಅರ್ಧ ನಿಜ. ಗ್ಯಾಸ್ ಹೊರಗೆ ಹೋಗಬೇಕು, ಹಣ್ಣಿನ ನೊಣ ಒಳಗೆ ಬರಬಾರದು. ಬಂದರೆ ವೈನ್ ಹೋಗಿ ವಿನೆಗರ್ ಆದೀತು. ಕೊನೆಗೆ ಹಳೇ ಪಂಚೆ ನಾಲ್ಕು ಮಡಿಕೆ ಮಾಡಿ ಬಾಯಿಗೆ ಕಟ್ಟಿದೆ. ಅಜ್ಜಿ ಮಾಡ್ತಿದ್ದದ್ದೂ ಅದನ್ನೇ.

ತಳ ಚಪ್ಪಟೆ, ಇದು ಎಲ್ಲ ಭರಣಿಯ ಕಥೆ. 21ನೇ ದಿನ ಬಗ್ಗಿಸಿದೆ ನೋಡಿ, ಗಸಿಯೆಲ್ಲ ಕದಡಿಹೋಯಿತು. ಜಾರ್ಜಿಯಾ ದೇಶದವರು ಇದಕ್ಕೆ ಎಂದೋ ದಾರಿ ಕಂಡುಕೊಂಡಿದ್ದಾರೆ. ಅವರ ಕ್ವೆವ್ರಿ ಅನ್ನೋ ಮಣ್ಣಿನ ಪಾತ್ರೆ ಮೊಟ್ಟೆಯಾಕಾರದ್ದು, ತಳ ಚೂಪು. ಬೀಜ, ಗಸಿ ಆ ಚೂಪಿಗೆ ಇಳಿದು ಕೂರುತ್ತೆ. ಒಳಗೆ ಜೇನುಮೇಣ ಸವರಿ, ಬಾಯಿವರೆಗೂ ನೆಲದಲ್ಲಿ ಹೂತು, ರಸ ತುಂಬಿ ಐದಾರು ತಿಂಗಳು ಮುಚ್ಚಿಡ್ತಾರೆ. ನೆಲದ ತಂಪೇ ಸಾಕು. 2013ರಲ್ಲಿ ಯುನೆಸ್ಕೋ ಈ ಕಸುಬನ್ನು ತನ್ನ ಪರಂಪರೆಯ ಪಟ್ಟಿಗೆ ಸೇರಿಸಿತು. ನಮ್ಮದು ಮೆಟ್ಟಿಲ ಕೆಳಗಿನ ಕತ್ತಲೆ, ಸುತ್ತ ಒದ್ದೆ ಗೋಣಿಚೀಲ. ಒಂದು ವಾರ ಅಲುಗಾಡಿಸದೆ ಬಿಟ್ಟು, ಆಮೇಲೆ ಸಣ್ಣ ಪೈಪ್ ಹಾಕಿ ಮೇಲಿನ ತಿಳಿ ಎಳೆದೆ. ಬಣ್ಣ ಕಡುಗೆಂಪು, ರುಚಿ ಸ್ವಲ್ಪ ಸಿಹಿ ಜಾಸ್ತಿ. ಅದು ನನ್ನ ತಪ್ಪು, ಭರಣಿಯದ್ದಲ್ಲ.

ಭರಣಿಗೆ ನಾಲ್ಕು ಸ್ಟಾರ್, ಮುಚ್ಚಳಕ್ಕೆ ಸೊನ್ನೆ. ಅಂಗಡಿಯಲ್ಲೇ ನಾಲ್ಕೈದು ಮುಚ್ಚಳ ಇಟ್ಟು ನೋಡಿ ತನ್ನಿ. ಅಮ್ಮ ಆಗಲೇ ವಿಚಾರಿಸಿದ್ದಾರೆ, ಮಿಡಿ ಬರೋಷ್ಟರಲ್ಲಿ ಇದು ಖಾಲಿಯಾಗುತ್ತಲ್ವಾ ಅಂತ.